ಒಬ್ಬರ ಜೇಬಿನಿಂದ ಚಳವಳಿ: ಕಾರ್ನಾಡು ಸದಾಶಿವ ರಾಯರು ಮಾಡಿದ್ದು ಸರಿಯೇ?

1881ರಲ್ಲಿ ಮಂಗಳೂರಿನ ಅನುಕೂಲಸ್ಥ ವಕೀಲರ ಮನೆಯಲ್ಲಿ ಹುಟ್ಟಿದ ಕಾರ್ನಾಡು ಸದಾಶಿವ ರಾಯರು 1937ರ ಜನವರಿ 9ರಂದು ಮುಂಬಯಿಯಲ್ಲಿ ತೀರಿಕೊಳ್ಳುವಾಗ ಆಸ್ತಿ ಎನ್ನುವುದು ಉಳಿದಿರಲಿಲ್ಲ. ಎಲ್ಲವೂ ಅವರೇ ಕಟ್ಟಿದ ಮಹಿಳಾ ಸಭೆಗೆ, ತಿಲಕ್ ವಿದ್ಯಾಲಯಕ್ಕೆ, ಕಾಂಗ್ರೆಸ್ಸಿಗೆ, ಬಾಗಿಲಿಗೆ ಬಂದವರಿಗೆ ಹೋಗಿತ್ತು. ಅವರ ತ್ಯಾಗ ದೊಡ್ಡದು, ಅದರಲ್ಲಿ ಎರಡು ಮಾತಿಲ್ಲ. ಸಾರ್ವಜನಿಕ ಕೆಲಸವನ್ನು ಹೀಗೆ ಸ್ವಂತ ಹಣದಿಂದ ನಡೆಸಿದ್ದು ಆ ಕೆಲಸಕ್ಕೆ ಒಳ್ಳೆಯದಾಯಿತೇ ಎಂಬುದಷ್ಟೇ ಇಲ್ಲಿನ ಪ್ರಶ್ನೆ.

ಪರ

ಆಗಿನ ದಕ್ಷಿಣ ಕನ್ನಡ ಮದ್ರಾಸ್ ಪ್ರಾಂತದ ಒಂದು ಮೂಲೆ. 1920ರ ನಂತರ ಕಾಂಗ್ರೆಸ್ ಈ ಜಿಲ್ಲೆಯನ್ನು ಕರ್ನಾಟಕ ಪ್ರಾಂತಕ್ಕೆ ಸೇರಿಸಿಕೊಂಡಿತು. ಕಲೆಕ್ಟರು, ಕೋರ್ಟು, ಕಂದಾಯವೆಲ್ಲ ಮದ್ರಾಸಿನ ಕೈಯಲ್ಲೇ ಉಳಿದವು. ಲೈಸೆನ್ಸು, ಗುತ್ತಿಗೆ, ವ್ಯಾಜ್ಯ ಎಂದು ದಿನವೂ ಸರಕಾರದ ಮರ್ಜಿ ಕಾಯಬೇಕಾದ ವ್ಯಾಪಾರಿಯು ರಾಜದ್ರೋಹದ ವಾಸನೆಯಿದ್ದ ಚಳವಳಿಗೆ ಬಹಿರಂಗವಾಗಿ ದುಡ್ಡು ಕೊಡುವುದು ಸುಲಭವಿರಲಿಲ್ಲ. 1919ರಲ್ಲಿ ಗಾಂಧೀಜಿಯ ಸತ್ಯಾಗ್ರಹ ಪ್ರತಿಜ್ಞೆಗೆ ಕರ್ನಾಟಕದಿಂದ ಮೊದಲು ಸಹಿ ಹಾಕಿದವರು ರಾಯರು. ಆ ಹೊತ್ತಿಗೆ ಯಾರಾದರೂ ಮೊದಲು ಸ್ವಂತ ಕೈಯಿಂದ ಹಣ ಹಾಕಲೇಬೇಕಿತ್ತು. ಇನ್ನೊಂದು ಕಾರಣವೂ ಇದೆ. ವಿಧವೆಯರಿಗೆ ಕೈಕೆಲಸ ಕಲಿಸುವುದು, ಅಸ್ಪೃಶ್ಯತೆಯ ವಿರುದ್ಧ ನಿಲ್ಲುವುದು ಊರಿನ ಹಣವಂತರಿಗೆ ಹಿಡಿಸುವ ಕೆಲಸಗಳಾಗಿರಲಿಲ್ಲ. ಚಂದಾ ಎತ್ತಿದರೆ ಕೊಟ್ಟವರ ಮಾತನ್ನೂ ಕೇಳಬೇಕು. ಸ್ವಂತ ಹಣಕ್ಕೆ ಆ ಕಟ್ಟು ಇರುವುದಿಲ್ಲ.

ಸಂಸ್ಥೆಗಳು ಬಾಳಿದವೋ ಇಲ್ಲವೋ ಎಂಬ ಒಂದೇ ಅಳತೆಗೋಲಿನಿಂದ ಅವರನ್ನು ಅಳೆಯುವುದೂ ತರವಲ್ಲ. ಅದೇ ಕಾಲದ ಫ್ರಾನ್ಸಿನ ಅರಿಸ್ಟೀಡ್ ಬ್ರಿಯಾಂಡ್ 11 ಬಾರಿ ಪ್ರಧಾನಿಯಾದವರು, 1926ರ ನೊಬೆಲ್ ಶಾಂತಿ ಪುರಸ್ಕಾರ ಹಂಚಿಕೊಂಡವರು. ಖಜಾನೆ, ಸೈನ್ಯ, ರಾಯಭಾರಿಗಳೆಲ್ಲ ಬೆನ್ನಿಗಿದ್ದರೂ ಯುದ್ಧವನ್ನು ತ್ಯಜಿಸುವ ಅವರ 1928ರ ಒಪ್ಪಂದಕ್ಕೆ 1939ರ ಯುದ್ಧವನ್ನು ತಡೆಯಲಾಗಲಿಲ್ಲ. ಅದಕ್ಕಾಗಿ ಬ್ರಿಯಾಂಡ್ ಹಾಕಿದ ಶ್ರಮ ವ್ಯರ್ಥವೆಂದು ಯಾರೂ ಹೇಳುವುದಿಲ್ಲ.

ವಿರೋಧ

ಹಣ ಒಟ್ಟುಗೂಡಿಸಲು ತಿಳಿಯದ ಊರಲ್ಲಿ ರಾಯರು ಹುಟ್ಟಿದ್ದರೆ ಮೇಲಿನ ವಾದವನ್ನು ಒಪ್ಪಬಹುದಿತ್ತು. ಆದರೆ ಅವರ ಊರು ಮಂಗಳೂರು. 1906ರಲ್ಲಿ ಅಮ್ಮೆಂಬಳ ಸುಬ್ಬರಾವ್ ಪೈಯವರು ಇಲ್ಲೇ ಕಟ್ಟಿದ ನಿಧಿ ಮುಂದೆ ಕೆನರಾ ಬ್ಯಾಂಕ್ ಆಯಿತು. 1924ರಲ್ಲಿ ಕರ್ಣಾಟಕ ಬ್ಯಾಂಕ್, 1931ರಲ್ಲಿ ವಿಜಯಾ ಬ್ಯಾಂಕ್ ಇದೇ ಊರಲ್ಲಿ ಹುಟ್ಟಿದವು. 1928ರಲ್ಲಿ ಉಡುಪಿಯ ಸಿಂಡಿಕೇಟ್ ಪಿಗ್ಮಿ ಯೋಜನೆ ತಂದಿತು: ಏಜೆಂಟ್ ಮನೆಮನೆಗೆ, ಅಂಗಡಿ ಅಂಗಡಿಗೆ ಹೋಗುವುದು, ಎರಡಾಣೆ ಕೊಟ್ಟರೂ ಪುಸ್ತಕದಲ್ಲಿ ಬರೆದು ಮುಂದಿನ ಬಾಗಿಲಿಗೆ ನಡೆಯುವುದು. ಸಣ್ಣ ದುಡ್ಡನ್ನು ದೊಡ್ಡದು ಮಾಡುವ ವಿದ್ಯೆ ಕರಾವಳಿಗೆ ಕರತಲಾಮಲಕವಾಗಿದ್ದ ದಶಕಗಳಲ್ಲೇ ಇಲ್ಲಿನ ರಾಷ್ಟ್ರೀಯ ಚಳವಳಿ ಇಷ್ಟರ ಮಟ್ಟಿಗೆ ಒಂದು ಮನೆತನದ ಆಸ್ತಿಯ ಮೇಲೆ ನಿಂತಿತ್ತು. ಬ್ಯಾಂಕಿನವರು ಬಡ್ಡಿ ಕೊಡುತ್ತಾರೆ, ಚಳವಳಿ ಏನು ಕೊಟ್ಟೀತು ಎಂದು ಕೇಳಬಹುದು. 1921ರಲ್ಲಿ ತಿಲಕ್ ಸ್ವರಾಜ್ ನಿಧಿಗೆ ದೇಶದ ಜನ ಕೋಟಿ ರೂಪಾಯಿ ಕೊಟ್ಟದ್ದು ಬಡ್ಡಿಯ ಆಸೆಗಲ್ಲ.

ದಾನಿಗಳ ಹಂಗು ಬೇಡವೆಂಬ ಮಾತಿಗೆ ಉತ್ತರ ಊರಲ್ಲೇ ಇತ್ತು. ಕುದ್ಮುಲ್ ರಂಗರಾಯರು 1897ರಲ್ಲಿ ದಲಿತರ ಶಿಕ್ಷಣಕ್ಕಾಗಿ ಡಿಪ್ರೆಸ್ಡ್ ಕ್ಲಾಸಸ್ ಮಿಷನ್ ಶುರುಮಾಡಿದಾಗ ಸ್ವಜಾತಿಯವರೇ ಅವರಿಗೆ ಬಹಿಷ್ಕಾರ ಹಾಕಿದ್ದರು. ಹಾಗಿದ್ದೂ ಅವರು ಹೊರಗಿನ ನೆರವು ತಂದರು, ಬದುಕಿರುವಾಗಲೇ ಮಿಷನ್ನಿನ ಹೊಣೆಯನ್ನು ಸರ್ವೆಂಟ್ಸ್ ಆಫ್ ಇಂಡಿಯಾ ಸೊಸೈಟಿಗೆ ಒಪ್ಪಿಸಿದರು. ರಾಯರ ಕಣ್ಣೆದುರಿಗೇ ಇದ್ದ ದಾರಿ ಇದು. ಬ್ರಿಯಾಂಡರ ಒಪ್ಪಂದ ಸೋತದ್ದು ಹಿಟ್ಲರನಂಥವನ ಎದುರು. ತಿಲಕ್ ವಿದ್ಯಾಲಯಕ್ಕೆ ಬೇಕಾಗಿದ್ದದ್ದು ಮೇಷ್ಟ್ರ ಸಂಬಳ. ಎರಡನ್ನೂ ಒಂದೇ ತಕ್ಕಡಿಗೆ ಹಾಕುವುದು ಸಲ್ಲ.

ಹೀಗೆಂದಾಗ ಆಪಾದನೆಯ ಮೊನೆ ರಾಯರಿಗಿಂತ ಹೆಚ್ಚಾಗಿ ಊರಿನ ಕಡೆಗೆ ತಿರುಗುತ್ತದೆ, ತಿರುಗಲಿ. ಅವರು ಕೊಡುತ್ತ ಹೋದಷ್ಟು ದಿನ ಉಳಿದವರಿಗೆ ಜೇಬಿಗೆ ಕೈಹಾಕುವ ಅಗತ್ಯವೇ ಬೀಳಲಿಲ್ಲ. ಸತ್ತ ಮೇಲೆ ಹೆಸರಿಟ್ಟದ್ದು ಧಾರಾಳ: ಇಲ್ಲಿ ಕೆ.ಎಸ್. ರಾವ್ ರಸ್ತೆ, ಬೆಂಗಳೂರಿನಲ್ಲಿ ಸಿರಿವಂತರ ಸದಾಶಿವನಗರ! ನಷ್ಟ ಮಾತ್ರ ಬೇರೆಯದೇ. 1936ರ ಕೊನೆಗೆ ಕಾಂಗ್ರೆಸ್ಸಿನ ಫೈಜಪುರ ಅಧಿವೇಶನಕ್ಕೆ ಹೋಗಿ ಜ್ವರ ಹಿಡಿದ ರಾಯರು ಮತ್ತೆ ಊರಿಗೆ ಬರಲಿಲ್ಲ. ಆರೇ ತಿಂಗಳಲ್ಲಿ, 1937ರ ಜುಲೈಯಲ್ಲಿ, ಮದ್ರಾಸಿನಲ್ಲಿ ರಾಜಾಜಿಯವರ ಕಾಂಗ್ರೆಸ್ ಸರಕಾರ ಬಂತು. 1939ರಲ್ಲಿ ಅದು ದೇವಾಲಯ ಪ್ರವೇಶದ ಕಾನೂನನ್ನೂ ಮಾಡಿತು. ಸರಕಾರದ ಬೊಕ್ಕಸದಿಂದಲೇ ಇಂಥ ಕೆಲಸಗಳಾಗುವ ಕಾಲ ಬಂದಾಗ, ಸ್ವಂತ ಹಣದಲ್ಲಿ ಅವನ್ನು ನಡೆಸಿ ಒಳಹೊರಗು ಬಲ್ಲವರು ಇರಲಿಲ್ಲ.