ಹೊಂದಿಕೊಳ್ಳದವನ ಸಾವು

ಗ್ರೀಸ್ ದೇಶದ ರಾಕ್ ಹಾಡುಗಾರ ಪಾವ್ಲೋಸ್ ಸಿದಿರೋಪುಲೋಸ್ 1980ರಲ್ಲಿ ಕಟ್ಟಿದ ತಂಡದ ಹೆಸರನ್ನು ಕನ್ನಡದಲ್ಲಿ ಹೇಳುವುದಾದರೆ ‘ಹೊಂದಿಕೊಳ್ಳದವರು’. ‘ಹೊಂದಿಕೊಂಡು ಹೋಗಮ್ಮ’ ಎಂಬ ಬುದ್ಧಿವಾದವನ್ನು ಮಡಿಲಕ್ಕಿಯ ಜೊತೆಗೇ ಕಟ್ಟಿಸಿಕೊಂಡು ಬಂದ ನನ್ನಂಥವಳಿಗೆ ಈ ಹೆಸರು ಕೇಳಿದ ಮೇಲೆ ಸುಮ್ಮನಿರಲಾದೀತೆ?

ಅವನು ಹುಟ್ಟಿದ್ದು 1948ರಲ್ಲಿ, ಅಥೆನ್ಸಿನಲ್ಲಿ. ಕಜಾನ್‌ಜಾಕಿಸನ ಕಾದಂಬರಿಯ ಜೋರ್ಬಾ ಇದ್ದಾನಲ್ಲ, ಆ ಪಾತ್ರಕ್ಕೆ ಮೂಲವಾದ ಮನುಷ್ಯ ಇವನ ತಾಯಿಯ ಕಡೆಯ ಮುತ್ತಜ್ಜ. ಥೆಸಲೋನಿಕಿಗೆ ಗಣಿತ ಓದಲು ಹೋದವನು ಓದು ಮುಗಿಸದೆ ಹಾಡಿನ ಹಿಂದೆ ಬಿದ್ದ. 1967ರಿಂದ 1974ರವರೆಗೆ ಅಲ್ಲಿ ಸೈನ್ಯಾಧಿಕಾರಿಗಳ ಆಳ್ವಿಕೆ. ರಾಕ್ ಎಂದರೆ ಇಂಗ್ಲಿಷಿನದು ಎಂದು ಬಹಳ ಜನ ನಂಬಿದ್ದ ಕಾಲದಲ್ಲಿ ಇವನು ತನ್ನ ತಾಯಿನುಡಿಯನ್ನು ಹಿಡಿದ. ಸ್ಪಿರಿದೂಲಾ ತಂಡದೊಂದಿಗೆ 1979ರಲ್ಲಿ ತಂದ ‘ಫ್ಲೂ’ ಗ್ರೀಕ್ ರಾಕ್‌ನ ಮೈಲಿಗಲ್ಲಾಯಿತು. ಅದೇ ವರ್ಷ ಆಂದ್ರೆಯಾಸ್ ಥೊಮೊಪುಲೋಸ್ ನಿರ್ದೇಶಿಸಿದ ಚಿತ್ರವೊಂದರಲ್ಲಿ ನಾಯಕನಾದ, ಹಾಡಿದವನೂ ಅವನೇ. ಚಿತ್ರದ ಹೆಸರಿನ ಅರ್ಥ ‘ರಾಜಿಯಾಗದವನು’. ಬಂದರಿನ ಬಡವರ, ನಿರಾಶ್ರಿತರ ರೆಬೆತಿಕೊ ಹಾಡುಗಳನ್ನು ಅಮೆರಿಕದ ಕಪ್ಪು ಜನರ ಬ್ಲೂಸ್ ಜೊತೆ ಬೆಸೆದ.

ಈ ನಡುವೆ ಹೆರಾಯಿನ್ ಅವನನ್ನು ಹಿಡಿದುಕೊಂಡಿತು. 1990ರಲ್ಲಿ ತಾಯಿ ತೀರಿಕೊಂಡರು. ಅದೇ ಡಿಸೆಂಬರ್ 6ರಂದು ಅವನೂ ಹೋದ. ಆಗಿನ್ನೂ ನಲವತ್ತೆರಡು.

ನನ್ನ ತಕರಾರು ಶುರುವಾಗುವುದು ಇಲ್ಲಿಂದ. ಇಂಥ ಸಾವಿನ ಸುತ್ತ ಎರಡು ಗುಂಪು ಸೇರುತ್ತವೆ. ಒಂದು, ‘ರಾಜಿಯಾಗದವನು ಸಾಯುವುದೇ ಹೀಗೆ’ ಎಂದು ಪಟಕ್ಕೆ ಹಾರ ಹಾಕುತ್ತದೆ. ಇನ್ನೊಂದು, ‘ನೋಡಿದಿರಾ, ಹೊಂದಿಕೊಳ್ಳದಿದ್ದರೆ ಇದೇ ಗತಿ’ ಎಂದು ಬೆರಳು ತೋರಿಸುತ್ತದೆ. ಒಬ್ಬರ ಮುಖ ಒಬ್ಬರು ನೋಡದ ಈ ಇಬ್ಬರೂ ಹೇಳುವ ಸುಳ್ಳು ಮಾತ್ರ ಒಂದೇ: ಹೊಂದಿಕೊಳ್ಳದಿರುವುದರ ಕೊನೆ ಸಾವು.

ಅಲ್ಲ. ಅವನು ಒಪ್ಪದೆ ನಿಂತದ್ದು ತನ್ನ ಭಾಷೆಯಲ್ಲಿ, ತನ್ನ ಹಾಡಿನಲ್ಲಿ. ಅವು ಇವತ್ತಿಗೂ ಬದುಕಿವೆ. ಹೆರಾಯಿನ್ ಬಂಡಾಯವಲ್ಲ, ಹೊತ್ತುಹೊತ್ತಿಗೆ ಕಪ್ಪ ಕೇಳುವ ಒಡೆಯ. ಎಂಥ ಅತ್ತೆ-ಮಾವಂದಿರೂ ಅಷ್ಟು ಕಟ್ಟುನಿಟ್ಟಾಗಿ ತಲೆಬಾಗಿಸಲಾರರು! ಚಟ ಕಾಯಿಲೆ, ಅದಕ್ಕಾಗಿ ಅವನನ್ನು ಬೈಯಲಾರೆ. ಆದರೆ ಆ ಕಾಯಿಲೆಗೆ ಆರತಿ ಎತ್ತುವವರನ್ನು ಬೈಯದೆ ಇರಲಾರೆ. ಆರತಿ ಎತ್ತುವವರು ಮನೆಗೆ ಹೋಗಿ ನಿದ್ದೆ ಮಾಡುತ್ತಾರೆ. ಅಂಥ ಮಕ್ಕಳ ತಾಯಂದಿರು ರಾತ್ರಿಯೆಲ್ಲ ಚಿಲಕದ ಸದ್ದಿಗೆ ಕಿವಿಗೊಟ್ಟು ಕೂತಿರುತ್ತಾರೆ.

ನಾಳೆ ನಿಮ್ಮ ಮಗಳು ‘ಈ ಸಂಬಂಧ ಬೇಡ, ನಾನು ಹಾಡು ಕಲಿಯುತ್ತೇನೆ’ ಎಂದಾಗ ಯಾರಾದರೂ ಇಂಥವನೊಬ್ಬನ ಸಾವನ್ನು ಸಾಕ್ಷಿಗೆ ತಂದು ನಿಲ್ಲಿಸಿಯಾರು. ಹೆದರಬೇಡಿ. ಅವನನ್ನು ಕೊಂದದ್ದು ಹಾಡೋ ಹೆರಾಯಿನ್ನೋ ಎಂದು ಮೊದಲು ಅವರನ್ನೇ ಕೇಳಿ.