ಶಾಂತಾ ಹುಬ್ಳೀಕರ್ ನಮ್ಮವರಲ್ಲವೇ?

ನಮ್ಮ ನವಲಗುಂದದಿಂದ ಹುಬ್ಬಳ್ಳಿ ಏನು ಮಹಾ ದೂರ? ಬಸ್ಸಿನಲ್ಲಿ ಒಂದು ತಾಸು. ಆ ಊರನ್ನೇ ಅಡ್ಡಹೆಸರು ಮಾಡಿಕೊಂಡು ಮರಾಠಿ-ಹಿಂದಿ ಸಿನೆಮಾದಲ್ಲಿ ಮೆರೆದ ನಟಿಯೊಬ್ಬರಿದ್ದರು, ಶಾಂತಾ ಹುಬ್ಳೀಕರ್. ಈ ಕಡೆ ಯಾರನ್ನಾದರೂ ಕೇಳಿ ನೋಡಿ, "ಯಾರ್ರೀ ಅವರು?" ಅಂತಾರೆ.

ಹುಟ್ಟಿದ್ದು 1914ರಲ್ಲಿ, ಹುಬ್ಬಳ್ಳಿ ಮಗ್ಗುಲಿನ ಅದರಗುಂಚಿಯಲ್ಲಿ. ಮೊದಲ ಹೆಸರು ರಾಜಮ್ಮ. ಪುಣೆಯ ಪ್ರಭಾತ್ ಕಂಪನಿಯ 'ಮಾಝಾ ಮುಲ್ಗಾ' (1938) ಚಿತ್ರದಲ್ಲಿ ನಟಿಸಿದರು. ಮರುವರ್ಷ ವಿ. ಶಾಂತಾರಾಂ ಅವರ 'ಮಾಣೂಸ್' ಬಂತು. ಅದೇ ಹಿಂದಿಯಲ್ಲಿ 'ಆದ್ಮಿ'.

'ಮಾಣೂಸ್' ನೋಡಿಲ್ಲದವರು ದಯವಿಟ್ಟು ಹುಡುಕಿ ನೋಡಿ. ಜೂಜಿನ ಅಡ್ಡೆಯ ಮೇಲೆ ದಾಳಿ ಮಾಡಿದ ಪೋಲೀಸ ಪೇದೆ ಗಣಪತ (ಶಾಹು ಮೋಡಕ್) ಅಲ್ಲಿ ಸಿಕ್ಕ ವೇಶ್ಯೆ ಮೈನಾಳನ್ನು ಉಳಿಸುತ್ತಾನೆ, ಆಮೇಲೆ ಪ್ರೀತಿಸುತ್ತಾನೆ. ಆ ಮೈನಾ ನಮ್ಮ ಶಾಂತಾಬಾಯಿ. ಆ ಕಾಲದ ಸಿನೆಮಾದಲ್ಲಿ ವೇಶ್ಯೆ ಅಂದರೆ ಒಂದೋ ಕಣ್ಣೀರು, ಇಲ್ಲಾ ಕುತಂತ್ರ. ಇವರ ಮೈನಾ ನಗುತ್ತಾಳೆ, ಚೇಷ್ಟೆ ಮಾಡುತ್ತಾಳೆ, ಆ ನಗೆಯ ಹಿಂದೆಯೇ ಹೆದರಿಕೆಯೂ ಕಾಣುತ್ತದೆ. ಹಾಡಿದ್ದೂ ಅವರೇ.

ಇಷ್ಟಾದರೂ ನಾವೇಕೆ ಮರೆತೆವು? ನನಗನ್ನಿಸುವುದು ಇಷ್ಟು. ಆಗ ಧಾರವಾಡ ಜಿಲ್ಲೆ ಮುಂಬಯಿ ಪ್ರಾಂತ್ಯದಲ್ಲಿತ್ತು. ಇಲ್ಲಿನ ಕಲಾವಿದರಿಗೆ ಬೆಂಗಳೂರಿಗಿಂತ ಕೊಲ್ಹಾಪುರ, ಪುಣೆಯೇ ಹತ್ತಿರ. ನಾವು ಬರೆದುಕೊಂಡ ಕನ್ನಡ ಚಿತ್ರರಂಗದ ಇತಿಹಾಸವೋ, 1934ರ 'ಸತಿ ಸುಲೋಚನಾ'ದಿಂದ ಹಿಡಿದು ಬರೀ ಕನ್ನಡ ಚಿತ್ರಗಳ ಲೆಕ್ಕ. ಹೊರಗೆ ದುಡಿದ ಕನ್ನಡಿಗರು ಆ ಲೆಕ್ಕಕ್ಕಿಲ್ಲ!

ಹಾಗೆಂದು ಅವರು ಕನ್ನಡಕ್ಕೆ ಬರಲಿಲ್ಲವೆಂದೂ ಅಲ್ಲ. ಗುಬ್ಬಿ ವೀರಣ್ಣನವರ 'ಜೀವನ ನಾಟಕ' (1942) ಚಿತ್ರದಲ್ಲಿ ಕೆಂಪರಾಜ ಅರಸ್ ಜೊತೆ ಇವರೂ ಇದ್ದರು.

ಇವರಿಗಿಂತ ಒಂದೇ ವರ್ಷ ದೊಡ್ಡವರಾದ ಗಂಗೂಬಾಯಿ ಹಾನಗಲ್ ಅವರನ್ನು ನಾವು ತಲೆಯ ಮೇಲೆ ಹೊತ್ತು ಮೆರೆಸಿದ್ದೇವೆ. ಅದು ಸರಿಯೇ. ಶಾಸ್ತ್ರೀಯ ಸಂಗೀತಕ್ಕೆ ಸಿಕ್ಕ ಮರ್ಯಾದೆ ಸಿನೆಮಾದ ಹೆಣ್ಣುಮಕ್ಕಳಿಗೆ ಸಿಗಲಿಲ್ಲ ಅನ್ನುವುದಷ್ಟೇ ನನ್ನ ತಕರಾರು. ಬೀಳಗಿಯ ಅಮೀರಬಾಯಿ ಕರ್ನಾಟಕಿಯವರ ಬಗ್ಗೆ ರಹಮತ್ ತರೀಕೆರೆ ಪುಸ್ತಕವನ್ನೇ ಬರೆದರು. ಮನಸ್ಸು ಮಾಡಿದರೆ ಆಗುತ್ತದೆ ಅನ್ನುವುದಕ್ಕೆ ಬೇರೆ ಸಾಕ್ಷಿ ಬೇಕೆ?

ಶಾಂತಾಬಾಯಿ ತೀರಿಕೊಂಡದ್ದು 1992ರಲ್ಲಿ, ಪುಣೆಯಲ್ಲಿ. ಅದಕ್ಕೆ ಎರಡು ವರ್ಷ ಮೊದಲು 'ಕಶಾಲಾ ಉದ್ಯಾಚೀ ಬಾತ್' ಅಂತ ಆತ್ಮಕಥೆ ಬರೆದರು, ಮರಾಠಿಯಲ್ಲಿ. 'ನಾಳಿನ ಮಾತು ಯಾಕೆ' ಅಂತ ಅರ್ಥ. ಅವರೇನೋ ನಾಳಿನ ಮಾತು ಬೇಡ ಅಂದರು, ನಾವು ನಿನ್ನೆಯದನ್ನೇ ಬಿಟ್ಟು ಕೂತಿದ್ದೇವೆ.

ನಮ್ಮ ಬ್ಲಾಗಿಗರಲ್ಲಿ ಮರಾಠಿ ಓದಬಲ್ಲವರು ಬೇಕಾದಷ್ಟು ಜನ ಇದ್ದೀರಿ. ಆ ಪುಸ್ತಕ ಓದಿ, ಒಂದೊಂದು ಅಧ್ಯಾಯದ ಬಗ್ಗೆಯಾದರೂ ಕನ್ನಡದಲ್ಲಿ ಬರೆಯಿರಿ. ಅದರಗುಂಚಿ ಕಡೆಯವರು ಮನೆಯ ಹಿರಿಯರನ್ನು ಒಮ್ಮೆ ಕೇಳಿ. ಯಾರಿಗಾದರೂ ಏನಾದರೂ ನೆನಪಿದ್ದರೆ ಇಲ್ಲೇ ಕೆಳಗೆ ಎರಡು ಸಾಲು ಹಾಕಿ. ಹಿರಿಯರು ಇರುವಾಗಲೇ ಕೇಳಬೇಕಲ್ರೀ, ಆಮೇಲೆ ಯಾರನ್ನ ಕೇಳೋಣ?