ಅಪ್ಪಣೆ ಕೇಳದೆ ನಡೆಯುವ ದಾರಿ



ಹುಲ್ಲಿನ ಮಾತು ತೆಗೆದರೆ ನಮ್ಮವರಿಗೆ 1973ರ ಬೂಸಾ ಗಲಾಟೆ ನೆನಪಾಗುತ್ತೆ. ಇದು ಬೇರೆ ಹುಲ್ಲು, ಲಂಡನ್ನಿನದು.

ಆ ನಗರದ ವಾಯವ್ಯಕ್ಕೆ, ವೆಂಬ್ಲಿ ಪಕ್ಕ, ಫ್ರಯೆಂಟ್ ಕಂಟ್ರಿ ಪಾರ್ಕ್ ಅಂತ ಸುಮಾರು 250 ಎಕರೆ ಜಾಗವಿದೆ. ಸುತ್ತ ಮನೆಗಳು, ನಡುವೆ ಹಳೇ ಹುಲ್ಲುಗಾವಲು. 19ನೇ ಶತಮಾನದಲ್ಲಿ ಲಂಡನ್ನಿನ ಬಂಡಿ ಎಳೆಯುವ ಕುದುರೆಗಳ ಹೊಟ್ಟೆಗೆ ಈ ಸೀಮೆಯ ಒಣಹುಲ್ಲು ಹೋಗುತ್ತಿತ್ತು, ಅದೇ ಬಂಡಿಯಲ್ಲಿ ಲದ್ದಿ ಗೊಬ್ಬರವಾಗಿ ವಾಪಸ್ ಬರುತ್ತಿತ್ತು. ಕೊಯ್ಯಲು ಐರ್ಲೆಂಡಿನಿಂದ ಬಡ ಕೂಲಿಗಳು ಬರುತ್ತಿದ್ದರು. ಈಗ ಅದು ಪ್ರಕೃತಿ ಮೀಸಲು. ಹೂವು ಬೀಜ ಉದುರಿಸಿದ ಮೇಲೆ ವರ್ಷಕ್ಕೊಮ್ಮೆ ಹುಲ್ಲು ಕೊಯ್ದು ಸಾಗಿಸುತ್ತಾರೆ, ಬಿಟ್ಟರೆ ಮುಳ್ಳುಪೊದೆ ನುಂಗಿಬಿಡುತ್ತೆ.

ಹೂವು, ಚಿಟ್ಟೆ ಚೆಂದವೇ, ಇರಲಿ. ನಮ್ಮ ಕಣ್ಣು ಬಿದ್ದದ್ದು ಅಲ್ಲಿನ ಕಾಲುದಾರಿಗಳ ಮೇಲೆ. ಆ ದೇಶದಲ್ಲಿ ಜನ 20 ವರ್ಷ ತಡೆಯಿಲ್ಲದೆ ಹಕ್ಕಿನಿಂದ ನಡೆದರೆ, ಮಾಲೀಕ ತಾನು ಬಿಟ್ಟುಕೊಟ್ಟಿಲ್ಲವೆಂದು ತೋರಿಸದ ಹೊರತು, ಅದು ಸಾರ್ವಜನಿಕ ದಾರಿ. 1949ರ ಕಾಯ್ದೆ ಇಂಥ ದಾರಿಗಳನ್ನು ನಕಾಶೆಗೆ ಏರಿಸುವ ಕೆಲಸ ಹಚ್ಚಿತು. ಇದು ದೊರೆಗಳ ಔದಾರ್ಯ ಅಂದ್ಕೋಬೇಡಿ. 1932ರ ಏಪ್ರಿಲ್ 24ರಂದು ಮ್ಯಾಂಚೆಸ್ಟರ್ ಕಡೆಯ ಕೂಲಿಕಾರ ಹುಡುಗರು ಒಡೆಯರ ಕಾವಲುಗಾರರನ್ನು ದಾಟಿ ಕಿಂಡರ್ ಸ್ಕೌಟ್ ಬೆಟ್ಟಕ್ಕೆ ನುಗ್ಗಿದ್ದರು. ಐವರು ಜೈಲಿಗೆ ಹೋದರು.

ಆದರೆ ಆ ಕಾನೂನಿಗೆ ಒಂದು ಕೊಕ್ಕೆ ಇದೆ. ಅಪ್ಪಣೆ ಪಡೆದು ನಡೆದರೆ ಎಷ್ಟು ವರ್ಷವಾದರೂ ಹಕ್ಕು ಹುಟ್ಟಲ್ಲ. ನಮ್ಮ 1882ರ ಈಸ್‌ಮೆಂಟ್ ಕಾಯ್ದೆಯ 15ನೇ ಕಲಮಿನಲ್ಲೂ ಅದೇ 20 ವರ್ಷ, ಅದೇ ಕೊಕ್ಕೆ. ನಮ್ಮ ತಾತಂದಿರೋ, ಚಪ್ಪಲಿ ಕೈಲಿ ಹಿಡಿದು "ಹಾದು ಹೋಗ್ಲಾ ಬುದ್ಧೀ" ಅಂತ ಕೇಳಿಯೇ ಗೌಡರ ಹೊಲದ ಬದು ತುಳಿದವರು. ಮೂರು ತಲೆಮಾರು ನಡೆದರೂ, ಬೇಲಿ ಹಾಕಿದ ದಿನ "ನಾನೇ ದಯೆ ತೋರಿ ಬಿಟ್ಟಿದ್ದೆ" ಅನ್ನೋಕೆ ಗೌಡನಿಗೆ ಬಾಯಿ ಬಂತು. ಜಾತಿ ಕಲಿಸಿದ ವಿನಯ ಕೋರ್ಟಿನಲ್ಲಿ ನಮ್ಮ ಮೇಲೇ ಸಾಕ್ಷಿ ಹೇಳುತ್ತೆ!

ಸುಡುಗಾಡಿಗೆ ಹೆಣ ಹೊರಲು ದಾರಿಯಿಲ್ಲದ ಕೇರಿಗಳು ಇನ್ನೂ ಇವೆ. ಸಾರ್ವಜನಿಕ ಜಾಗಕ್ಕೆ ಹೋಗುವ ವಾಡಿಕೆಯ ದಾರಿಯನ್ನು ನಮಗೆ ತಡೆಯುವುದು 1989ರ ದೌರ್ಜನ್ಯ ತಡೆ ಕಾಯ್ದೆಯಲ್ಲಿ ಅಪರಾಧ. ಆದರೆ ವಾಡಿಕೆ ಅಂತ ತೋರಿಸಬೇಕಲ್ಲ?

ರಜೆಗೆ ಊರಿಗೆ ಹೋದಾಗ ತಾಲೂಕಿನ ಸರ್ವೆ ಕಚೇರಿಯಿಂದ ಗ್ರಾಮ ನಕಾಶೆ ತೆಗೆಸಿ. ಕೇರಿಯ ದಾರಿ ಅದರಲ್ಲಿದೆಯೇ ನೋಡಿ. ಇಲ್ಲದಿದ್ದರೆ, ಎಂದಿನಿಂದ ನಡೆದಿದ್ದೇವೆ ಅಂತ ವಯಸ್ಸಾದವರ ಹೇಳಿಕೆ ಬರೆದು ಹೆಬ್ಬೆಟ್ಟು ಹಾಕಿಸಿ, ತಹಶೀಲ್ದಾರರಿಗೆ ಅರ್ಜಿ ಕೊಡಿ. ಅಲ್ಲೀವರೆಗೂ ಆ ಬದುವಿನ ಮೇಲೆ ಹಗಲಲ್ಲೇ, ಜಗಳ ತೆಗೆಯದೆ ನಡೀರಿ. ಯಾರನ್ನೂ ಕೇಳಬೇಡಿ.